ಕ್ಯಾಮೆರಾಗಿಂತ ತಗಡೇ ಮುಖ್ಯವಾಗಿದ್ದ ಕಾಲ

ರಾಬರ್ಟ್ ಕಾರ್ನೀಲಿಯಸ್ ಅನ್ನುವ ಹೆಸರು ಕೇಳಿಲ್ಲದಿದ್ದರೂ ಅವನ ಮುಖವನ್ನು ನೀವು ಇಂಟರ್ನೆಟ್ಟಿನಲ್ಲಿ ಎಲ್ಲೋ ನೋಡಿರುತ್ತೀರಿ. ಕೆದರಿದ ಕೂದಲು, ಎತ್ತಿದ ಕಾಲರು, ಎದೆಗೆ ಕಟ್ಟಿಕೊಂಡ ಕೈ, ನಡುವೆ ನಿಲ್ಲದೆ ಒಂದು ಪಕ್ಕಕ್ಕೆ ಸರಿದ ತಲೆ. ಸ್ವಲ್ಪ ಅನುಮಾನದ ನೋಟ. 'ಜಗತ್ತಿನ ಮೊದಲ ಸೆಲ್ಫಿ' ಅಂತ ವರ್ಷಕ್ಕೊಮ್ಮೆಯಾದರೂ ಯಾರಾದರೂ ಹಂಚುತ್ತಾರೆ. ಇದನ್ನು ತೆಗೆದದ್ದು 1839ರ ಕೊನೆಯ ತಿಂಗಳುಗಳಲ್ಲಿ, ಫಿಲಡೆಲ್ಫಿಯಾದಲ್ಲಿ. ಆಗ ಅವನಿಗೆ 30 ವರ್ಷ. ಫೋಟೋದ ಹಿಂಬದಿಯಲ್ಲಿ 'ಮೊಟ್ಟಮೊದಲು ತೆಗೆದ ಬೆಳಕಿನ ಚಿತ್ರ, 1839' ಅನ್ನುವ ಅರ್ಥದ ಬರಹ ಇದೆ. ಅದು ನಿಜವಲ್ಲ, ಅದಕ್ಕೂ ಮೊದಲು ಬೇರೆಯವರು ಬೇರೆ ಬೇರೆ ಚಿತ್ರ ತೆಗೆದಿದ್ದರು. ಆದರೆ ಈಗ ಉಳಿದಿರುವ ಮನುಷ್ಯರ ಫೋಟೋಗಳಲ್ಲಿ ಇದು ಅತ್ಯಂತ ಹಳೆಯವುಗಳ ಸಾಲಿಗೆ ಸೇರುತ್ತದೆ, ಅದರಲ್ಲಿ ಎರಡು ಮಾತಿಲ್ಲ.

ಅವನ ಬಗ್ಗೆ ಬರೆಯುವವರು ಜಾಸ್ತಿ ಗಮನ ಕೊಡದ ಒಂದು ವಿಷಯ ಇದೆ. ಅವನ ಕಸುಬು. ಕಾರ್ನೀಲಿಯಸ್ ಕಲಾವಿದನಲ್ಲ, ವಿಜ್ಞಾನಿಯೂ ಅಲ್ಲ. ಅವನ ಮನೆಯವರದು ದೀಪ ಮತ್ತು ಶಾಂಡೆಲಿಯರ್ ಮಾಡುವ ವ್ಯಾಪಾರ. ಲೋಹಕ್ಕೆ ಬೆಳ್ಳಿ ಲೇಪ ಹಾಕುವುದು, ಅದನ್ನು ತಿಕ್ಕಿ ಹೊಳಪು ಬರಿಸುವುದು ಅವನಿಗೆ ದಿನನಿತ್ಯದ ಕೆಲಸ. ಅಮೆರಿಕದ ಡಾಗೆರೋಟೈಪ್, ಅಂದರೆ ಬೆಳ್ಳಿ ಲೇಪದ ತಗಡಿನ ಮೇಲೆ ಮೂಡಿಸುತ್ತಿದ್ದ ಆ ಮೊದಲ ಕಾಲದ ಫೋಟೋದ ಕಥೆಯನ್ನು ಓದುತ್ತಾ ಹೋದಷ್ಟೂ ನನಗೆ ಅನ್ನಿಸುವುದು ಇದೇ: ಇದನ್ನು ಕಲೆಯ ಇತಿಹಾಸ ಅಂತಲೋ ವಿಜ್ಞಾನದ ಇತಿಹಾಸ ಅಂತಲೋ ಹೇಳುತ್ತಾರೆ, ಆದರೆ ಮೊದಲ ಇಪ್ಪತ್ತು ವರ್ಷ ಇದು ಮುಖ್ಯವಾಗಿ ಲೋಹದ ಕಸುಬಿನವರ ಕಥೆ. ತಗಡನ್ನು ಯಾರು ಚೆನ್ನಾಗಿ ತಿಕ್ಕುತ್ತಾರೋ ಅವರ ಫೋಟೋ ಚೆನ್ನಾಗಿ ಬರುತ್ತಿತ್ತು. ಅಷ್ಟೇ.

ಮೊದಲು ವಿಷಯ ಅಮೆರಿಕಕ್ಕೆ ಹೋಗಿ ಮುಟ್ಟಿದ ಬಗೆ ಹೇಳಿಬಿಡುತ್ತೇನೆ. ಪ್ಯಾರಿಸ್ಸಿನ ಲೂಯಿ ಡಾಗೆರ್ ಬೆಳಕಿನಿಂದ ಚಿತ್ರ ಮೂಡಿಸುವ ವಿಧಾನ ಕಂಡುಕೊಂಡಿದ್ದಾನೆ ಅನ್ನುವ ಸುದ್ದಿ 1839ರ ಜನವರಿ 7ರಂದು ಅಲ್ಲಿನ ವಿಜ್ಞಾನ ಅಕಾಡೆಮಿಯಲ್ಲಿ ಹೊರಬಿತ್ತು. ಮಾಡುವುದು ಹೇಗೆ ಅಂತ ಮಾತ್ರ ಆಗ ಯಾರೂ ಬಾಯಿ ಬಿಡಲಿಲ್ಲ. ಆ ಸಮಯಕ್ಕೆ ಟೆಲಿಗ್ರಾಫಿನ ಸ್ಯಾಮ್ಯುಯೆಲ್ ಮೋರ್ಸ್ ತನ್ನ ಯಂತ್ರದ ಕೆಲಸಕ್ಕೆ ಅಂತ ಪ್ಯಾರಿಸ್ಸಿನಲ್ಲೇ ಇದ್ದ. ಮೋರ್ಸ್ ಮೂಲತಃ ಚಿತ್ರಕಾರ ಅನ್ನುವುದು ಎಷ್ಟೋ ಜನಕ್ಕೆ ಗೊತ್ತಿಲ್ಲ. ಇಬ್ಬರೂ ಪರಸ್ಪರರ ಕೆಲಸ ನೋಡಲು ಒಪ್ಪಿಕೊಂಡರು. ಮಾರ್ಚ್ ತಿಂಗಳಲ್ಲಿ ಮೋರ್ಸ್ ಹೋಗಿ ಡಾಗೆರ್‌ನ ಚಿತ್ರಗಳನ್ನು ನೋಡಿ ದಂಗಾದ. ಮಾರನೇ ದಿನ ಡಾಗೆರ್ ಇವನ ಟೆಲಿಗ್ರಾಫ್ ನೋಡಲು ಬಂದ. ಅವನು ಇಲ್ಲಿ ಕುಳಿತು ನೋಡುತ್ತಿದ್ದ ಹೊತ್ತಿಗೆ ಅತ್ತ ಅವನ ಡಿಯೋರಾಮಾ (ದೊಡ್ಡ ಚಿತ್ರಗಳ ಮೇಲೆ ಬೆಳಕಿನ ಆಟ ತೋರಿಸುವ) ಪ್ರದರ್ಶನದ ಕಟ್ಟಡಕ್ಕೆ ಬೆಂಕಿ ಬಿದ್ದು ಪೂರ್ತಿ ಸುಟ್ಟುಹೋಯಿತು. ಸಿನಿಮಾದಲ್ಲಿ ಬಂದಿದ್ದರೆ ನಂಬುತ್ತಿರಲಿಲ್ಲ, ಅಲ್ವಾ? ಮೋರ್ಸ್ ತನ್ನ ತಮ್ಮನಿಗೆ ಬರೆದ ಕಾಗದ ಏಪ್ರಿಲ್‌ನಲ್ಲಿ ನ್ಯೂಯಾರ್ಕಿನ ಪತ್ರಿಕೆಯೊಂದರಲ್ಲಿ ಅಚ್ಚಾಯಿತು. ಅಮೆರಿಕದ ಬಹಳ ಜನ ಡಾಗೆರೋಟೈಪ್ ಬಗ್ಗೆ ಕಣ್ಣಾರೆ ಕಂಡವರ ಮಾತು ಓದಿದ್ದು ಅಲ್ಲೇ.

ಆಗಸ್ಟ್ 19ರಂದು ಫ್ರೆಂಚ್ ಸರ್ಕಾರ ವಿಧಾನವನ್ನು ಬಹಿರಂಗ ಮಾಡಿತು. ಡಾಗೆರ್‌ಗೆ ವರ್ಷಕ್ಕೆ 6,000 ಫ್ರಾಂಕ್, ಅವನ ತೀರಿಹೋದ ಪಾಲುದಾರ ನೀಪ್ಸ್‌ನ ಮಗನಿಗೆ 4,000 ಫ್ರಾಂಕ್ ಪಿಂಚಣಿ ಕೊಟ್ಟು, ಯಾರು ಬೇಕಾದರೂ ಮಾಡಿಕೊಳ್ಳಿ ಅಂತ ಬಿಟ್ಟುಕೊಟ್ಟಿತು. ಇಂಗ್ಲೆಂಡಿನಲ್ಲಿ ಮಾತ್ರ ಡಾಗೆರ್ ಮೊದಲೇ ಪೇಟೆಂಟ್ ತೆಗೆದುಕೊಂಡುಬಿಟ್ಟಿದ್ದ, ಅಲ್ಲಿ ಫೋಟೋ ತೆಗೆಯಬೇಕೆಂದರೆ ಲೈಸೆನ್ಸಿಗೆ ದುಡ್ಡು ಕಟ್ಟಬೇಕು. ಅಮೆರಿಕದಲ್ಲಿ ಆ ರಗಳೆ ಇರಲಿಲ್ಲ. ಸೆಪ್ಟೆಂಬರ್‌ನಲ್ಲಿ ಹಡಗುಗಳಲ್ಲಿ ವಿವರ ಬಂದು ಇಳಿಯಿತು, ಅದೇ ತಿಂಗಳು ನ್ಯೂಯಾರ್ಕಿನಲ್ಲಿ ಡಿ. ಡಬ್ಲ್ಯೂ. ಸೀಗರ್ ಅನ್ನುವವನು ಚಿತ್ರ ತೆಗೆದು ತೋರಿಸಿದ. ವಿಧಾನ ಬಿಟ್ಟಿಯಾಗಿ ಸಿಕ್ಕಿದ್ದರಿಂದಲೇ ಮುಂದಿನ ಹತ್ತು ವರ್ಷದಲ್ಲಿ ಅಮೆರಿಕ ಇದನ್ನು ಫ್ರಾನ್ಸಿಗಿಂತ ಹೆಚ್ಚು ತನ್ನದಾಗಿಸಿಕೊಂಡಿತು ಅಂತ ನನಗೆ ಅನ್ನಿಸುತ್ತದೆ. ಆದರೆ ಅದೊಂದೇ ಕಾರಣವೂ ಅಲ್ಲ. ಅದಕ್ಕೆ ತಗಡಿನ ವಿಷಯಕ್ಕೆ ಬರಬೇಕು.

ಡಾಗೆರೋಟೈಪ್ ಅಂದರೆ ಕಾಗದದ ಮೇಲಿನ ಫೋಟೋ ಅಲ್ಲ. ನೆಗೆಟಿವ್ ಇಲ್ಲ, ಪ್ರಿಂಟ್ ಇಲ್ಲ. ಕ್ಯಾಮೆರಾ ಒಳಗೆ ಇಟ್ಟ ತಗಡೇ ಕೊನೆಗೆ ಗ್ರಾಹಕನ ಕೈಗೆ ಬರುವ ಫೋಟೋ. ತಾಮ್ರದ ತಗಡು, ಅದರ ಒಂದು ಮುಖಕ್ಕೆ ತೆಳುವಾದ ಬೆಳ್ಳಿ. ಆ ಬೆಳ್ಳಿಯನ್ನು ಕನ್ನಡಿಯ ಹಾಗೆ ಹೊಳೆಯುವ ತನಕ ತಿಕ್ಕಬೇಕು. ಮೊದಲು ನುಣುಪಾದ ಕಲ್ಲಿನ ಪುಡಿ, ಆಮೇಲೆ ಜಿಂಕೆ ಚರ್ಮ ಸುತ್ತಿದ ಉದ್ದನೆಯ ಹಲಗೆ, ಅದಕ್ಕೆ ಕೆಂಪು ಬಣ್ಣದ ಕಬ್ಬಿಣದ ಆಕ್ಸೈಡ್ ಪುಡಿ. ಬೆರಳು ತಾಗಬಾರದು. ಧೂಳು ಕೂರಬಾರದು. ಒಂದು ಗೀರು ಉಳಿದರೂ ಅದು ಮುಖದ ಮೇಲೆ ಗೀರಾಗಿಯೇ ಕಾಣುತ್ತದೆ. ತಿಕ್ಕುವ ದಿಕ್ಕಿಗೂ ಲೆಕ್ಕ ಇತ್ತು. ಕೊನೆಯ ಸುತ್ತನ್ನು ಚಿತ್ರದ ಅಡ್ಡಕ್ಕೆ ತಿಕ್ಕಬೇಕು, ಇಲ್ಲದಿದ್ದರೆ ನೋಡುವಾಗ ಬೆಳಕು ಆ ಸಣ್ಣ ಗೆರೆಗಳಿಗೆ ಹೊಡೆದು ಕಪ್ಪು ಭಾಗ ಮಸುಕಾಗುತ್ತದೆ.

ಆಮೇಲೆ ತಗಡನ್ನು ಅಯೋಡಿನ್ ಇರುವ ಪೆಟ್ಟಿಗೆಯ ಮೇಲೆ ಮಗುಚಿ ಇಡುತ್ತಾರೆ. ಆವಿ ತಾಗಿ ಬೆಳ್ಳಿಯ ಮೇಲೆ ಸಿಲ್ವರ್ ಅಯೋಡೈಡ್‌ನ ತೆಳು ಪೊರೆ ಕಟ್ಟುತ್ತದೆ. ಅದು ಬಂಗಾರದ ಹಳದಿಗೆ ತಿರುಗಿದಾಗ ತೆಗೆಯಬೇಕು. ಇದಕ್ಕೆ ಅಳತೆಯ ಉಪಕರಣ ಏನೂ ಇಲ್ಲ, ಮಬ್ಬು ಕೋಣೆಯಲ್ಲಿ ಕಣ್ಣಂದಾಜು ಅಷ್ಟೇ. ಕ್ಯಾಮೆರಾದಲ್ಲಿ ಇಟ್ಟು ಬೆಳಕು ತೋರಿಸಿ ಹೊರತೆಗೆದರೆ ತಗಡಿನ ಮೇಲೆ ಏನೂ ಕಾಣುವುದಿಲ್ಲ. ಅದನ್ನು ಕಾಯಿಸಿದ ಪಾದರಸದ ಮೇಲೆ ಇಟ್ಟಾಗ ಮಾತ್ರ, ಬೆಳಕು ಬಿದ್ದ ಕಡೆಯಲ್ಲೆಲ್ಲ ಪಾದರಸದ ಆವಿ ಬೆಳ್ಳಿಯ ಜೊತೆ ಸೇರಿ ಬಿಳಿಯ ಸಣ್ಣ ಸಣ್ಣ ಕಣಗಳಾಗಿ ಕೂತು, ಚಿತ್ರ ನಿಧಾನಕ್ಕೆ ಮೇಲೆದ್ದು ಬರುತ್ತದೆ. ನಂತರ ಹೈಪೋ (ಸೋಡಿಯಂ ಥಯೋಸಲ್ಫೇಟ್) ದ್ರಾವಣದಲ್ಲಿ ತೊಳೆದು ಉಳಿದ ಅಯೋಡೈಡ್ ತೆಗೆಯುತ್ತಾರೆ. ಫ್ರಾನ್ಸಿನ ಇಪ್ಪೊಲಿತ್ ಫಿಜೋ 1840ರಲ್ಲಿ ಇನ್ನೊಂದು ಹಂತ ಸೇರಿಸಿದ. ತಗಡಿನ ಮೇಲೆ ಚಿನ್ನದ ದ್ರಾವಣ ಹೊಯ್ದು ಕೆಳಗಿನಿಂದ ಕಾಯಿಸುವುದು. ಅದರಿಂದ ಚಿತ್ರಕ್ಕೆ ಬಿಸುಪಿನ ಬಣ್ಣ ಬಂತು, ಸ್ವಲ್ಪ ಗಟ್ಟಿಯೂ ಆಯಿತು.

ಪಾದರಸದ ಆವಿ, ಅಯೋಡಿನ್, ಆಮೇಲೆ ಬಂದು ಸೇರಿದ ಬ್ರೋಮಿನ್. ಇವನ್ನೆಲ್ಲ ಮುಚ್ಚಿದ ಸಣ್ಣ ಕೋಣೆಯಲ್ಲಿ ದಿನಾ ಉಸಿರಾಡುತ್ತಾ ಈ ಜನ ಕೆಲಸ ಮಾಡಿದರು. ಅದನ್ನು ನೆನೆದರೆ ನನಗೆ ಈಗಲೂ ಎದೆ ಬಿಗಿಯುತ್ತದೆ.

ಸರಿ, ಫಿಲಡೆಲ್ಫಿಯಾಕ್ಕೆ ವಾಪಸ್ ಬರೋಣ. ಅಲ್ಲಿನ ಟಂಕಸಾಲೆಯಲ್ಲಿ ಕೆಲಸಕ್ಕಿದ್ದ ಜೋಸೆಫ್ ಸ್ಯಾಕ್ಸ್ಟನ್ 1839ರ ಅಕ್ಟೋಬರ್‌ನಲ್ಲಿ ಕಿಟಕಿಯಿಂದ ಕಾಣುತ್ತಿದ್ದ ಶಸ್ತ್ರಾಗಾರ ಮತ್ತು ಒಂದು ಶಾಲೆಯ ಚಿತ್ರ ತೆಗೆದ. ಅಮೆರಿಕದಲ್ಲಿ ತೆಗೆದು ಇವತ್ತಿಗೂ ಉಳಿದಿರುವ ಫೋಟೋಗಳಲ್ಲಿ ಅದೇ ಅತ್ಯಂತ ಹಳೆಯದು ಅಂತ ಹೇಳುತ್ತಾರೆ. ಒಳ್ಳೆಯ ಬೆಳ್ಳಿ ತಗಡು ಬೇಕು ಅಂತ ಸ್ಯಾಕ್ಸ್ಟನ್ ಹೋಗಿ ಕೇಳಿದ್ದು ಯಾರನ್ನು? ದೀಪದ ಅಂಗಡಿಯ ಕಾರ್ನೀಲಿಯಸ್‌ನನ್ನು. ಅಲ್ಲಿಂದಲೇ ಕಾರ್ನೀಲಿಯಸ್‌ಗೆ ಈ ಹುಚ್ಚು ಹತ್ತಿದ್ದು. ಅವನಿಗೆ ಜೊತೆಯಾದವನು ಪೆನ್ಸಿಲ್ವೇನಿಯಾ ವಿಶ್ವವಿದ್ಯಾಲಯದ ಪಾಲ್ ಬೆಕ್ ಗೊಡ್ಡಾರ್ಡ್. ಅಯೋಡಿನ್ ಆದಮೇಲೆ ಬ್ರೋಮಿನ್ ಆವಿಯನ್ನೂ ತೋರಿಸಿದರೆ ತಗಡು ಬೆಳಕನ್ನು ಎಷ್ಟೋ ಪಟ್ಟು ಬೇಗ ಹಿಡಿಯುತ್ತದೆ ಅಂತ ಗೊಡ್ಡಾರ್ಡ್ ತಿಳಿದುಕೊಂಡ. ಹಲವು ನಿಮಿಷ ಕೂರಬೇಕಾಗಿದ್ದವರು ಒಂದು ನಿಮಿಷಕ್ಕೂ ಕಮ್ಮಿ ಕೂತರೆ ಸಾಕು ಅನ್ನುವ ಮಟ್ಟಕ್ಕೆ ಬಂತು. 1840ರಲ್ಲಿ ಕಾರ್ನೀಲಿಯಸ್ ಸ್ಟುಡಿಯೋ ತೆರೆದ, ಒಂದೆರಡು ವರ್ಷ ನಡೆಸಿದ, ಆಮೇಲೆ ಮುಚ್ಚಿ ದೀಪದ ವ್ಯಾಪಾರಕ್ಕೇ ಮರಳಿದ. ದೀಪದಲ್ಲೇ ದುಡ್ಡು ಜಾಸ್ತಿ ಇತ್ತು ಅಂತ ಕಾಣುತ್ತದೆ.

ನ್ಯೂಯಾರ್ಕಿನಲ್ಲಿ ಅದೇ ಹೊತ್ತಿಗೆ ಅಲೆಕ್ಸಾಂಡರ್ ವೋಲ್ಕಾಟ್ ಬೇರೆ ದಾರಿ ಹಿಡಿದ. ಅವನು ದಂತವೈದ್ಯರ ಸಾಮಾನು ಮಾಡುವ ಕಸುಬಿನವನು. ಆಗಿನ ಲೆನ್ಸುಗಳಿಗೆ ಸಾಕಷ್ಟು ಬೆಳಕು ಒಳಗೆ ಬಿಡುವ ಶಕ್ತಿ ಇರಲಿಲ್ಲ. ಹಾಗಾದರೆ ಲೆನ್ಸೇ ಬೇಡ ಅಂತ ಅವನು ಕ್ಯಾಮೆರಾದ ಹಿಂಬದಿಗೆ ಒಂದು ನಿಮ್ನ ಕನ್ನಡಿ ಇಟ್ಟ. ಮುಂದಿನ ದೊಡ್ಡ ತೂತಿನಿಂದ ಬಂದ ಬೆಳಕು ಕನ್ನಡಿಗೆ ಬಡಿದು, ತಿರುಗಿ ಬಂದು ಸಣ್ಣ ತಗಡಿನ ಮೇಲೆ ಬೀಳುತ್ತದೆ. 1840ರ ಮೇ 8ರಂದು ಇದಕ್ಕೆ ಸಿಕ್ಕಿದ ಪೇಟೆಂಟ್ ಅಮೆರಿಕದಲ್ಲಿ ಫೋಟೋಗ್ರಫಿಗೆ ಸಿಕ್ಕಿದ ಮೊದಲ ಪೇಟೆಂಟ್. ಅದಕ್ಕೂ ಮೊದಲೇ, ಮಾರ್ಚ್‌ನಲ್ಲಿ, ವೋಲ್ಕಾಟ್ ಮತ್ತು ಅವನ ಪಾಲುದಾರ ಜಾನ್ ಜಾನ್ಸನ್ ಫೋಟೋ ತೆಗೆಯುವ ಅಂಗಡಿ ಶುರು ಮಾಡಿದ್ದರು. ಕಿಟಕಿಯ ಹೊರಗೆ ದೊಡ್ಡ ಕನ್ನಡಿಗಳನ್ನು ಕಟ್ಟಿ ಬಿಸಿಲನ್ನು ಕುಳಿತವರ ಮುಖದ ಮೇಲೆ ಹಾಯಿಸುತ್ತಿದ್ದರು. ಕಣ್ಣು ಕುಕ್ಕಬಾರದು ಅಂತ ನಡುವೆ ನೀಲಿ ಪರದೆ. ಇದು ಜಾಣತನದ ಕೆಲಸ. ತಗಡು ಹಿಡಿಯುವುದು ಮುಖ್ಯವಾಗಿ ನೀಲಿ ಬೆಳಕನ್ನೇ, ಹಾಗಾಗಿ ಉಳಿದ ಬಣ್ಣಗಳನ್ನು ತಡೆದರೂ ಫೋಟೋಗೆ ನಷ್ಟ ಇಲ್ಲ, ಕೂತವನಿಗೆ ಮಾತ್ರ ಆರಾಮ.

ನ್ಯೂಯಾರ್ಕ್ ವಿಶ್ವವಿದ್ಯಾಲಯದ ರಸಾಯನಶಾಸ್ತ್ರದ ಮೇಷ್ಟ್ರು ಜಾನ್ ವಿಲಿಯಂ ಡ್ರೇಪರ್ ಮೊದಲ ಪ್ರಯೋಗಗಳಲ್ಲಿ ಕೂತವರ ಮುಖಕ್ಕೆ ಹಿಟ್ಟು ಬಳಿಯುತ್ತಿದ್ದ, ಬಿಳಿ ಮುಖ ಬೇಗ ಮೂಡಲಿ ಅಂತ. 1840ರಲ್ಲಿ ತನ್ನ ಅಕ್ಕ ಡೊರೋಥಿಯ ಚಿತ್ರ ತೆಗೆದ, ಚಂದ್ರನದೂ ತೆಗೆದ. ಪ್ಯಾರಿಸ್ಸಿನಿಂದ ಮರಳಿದ್ದ ಮೋರ್ಸ್ ಅವನ ಜೊತೆ ಸೇರಿ ವಿಶ್ವವಿದ್ಯಾಲಯದ ಮಾಳಿಗೆಯ ಮೇಲೆ ಗಾಜಿನ ಸೂರಿನ ಸ್ಟುಡಿಯೋ ಕಟ್ಟಿಸಿದ. ಟೆಲಿಗ್ರಾಫಿಗೆ ದುಡ್ಡು ಹುಟ್ಟುತ್ತಿರಲಿಲ್ಲ, ಹೊಟ್ಟೆಪಾಡಿಗೆ ಮೋರ್ಸ್ ಫೀಸು ತಗೊಂಡು ಡಾಗೆರೋಟೈಪ್ ಕಲಿಸಿದ. ಮುಂದೆ ಬಾಸ್ಟನ್ನಿನಲ್ಲಿ ಹೆಸರು ಮಾಡಿದ ಆಲ್ಬರ್ಟ್ ಸೌತ್‌ವರ್ತ್ ಅವನ ಶಿಷ್ಯರಲ್ಲಿ ಒಬ್ಬ.

ಈಗ ಇಲ್ಲಿ ಯಾರ್ಯಾರು ಬಂದು ಸೇರಿದರು ನೋಡಿ. ಸೌತ್‌ವರ್ತ್ ಔಷಧಿ ಅಂಗಡಿ ಇಟ್ಟಿದ್ದವನು. ನ್ಯೂಯಾರ್ಕಿನ ಜೆರೆಮಯಾ ಗರ್ನಿ ಒಡವೆ ವ್ಯಾಪಾರಿ. ಮ್ಯಾಥ್ಯೂ ಬ್ರೇಡಿ, ಆಮೇಲೆ ಅಂತರ್ಯುದ್ಧದ ಫೋಟೋಗಳಿಂದ ಪ್ರಸಿದ್ಧನಾದವನು, 1844ರಲ್ಲಿ ಬ್ರಾಡ್‌ವೇಯಲ್ಲಿ ಸ್ಟುಡಿಯೋ ತೆರೆಯುವ ಮುಂಚೆ ಒಡವೆ ಪೆಟ್ಟಿಗೆಗಳನ್ನು ಮಾಡುತ್ತಿದ್ದ. ತಗಡುಗಳನ್ನು ದೇಶಕ್ಕೆಲ್ಲ ಮಾಡಿಕೊಟ್ಟದ್ದು ಕನೆಕ್ಟಿಕಟ್‌ನ ವಾಟರ್‌ಬರಿಯ ಸ್ಕೋವಿಲ್ ಕಂಪನಿ. ಅವರ ಮೂಲ ವ್ಯಾಪಾರ ಅಂಗಿಗೆ ಹಾಕುವ ಹಿತ್ತಾಳೆ ಗುಂಡಿ! ಹಾಳೆಯಾಗಿ ಬಡಿದ ಲೋಹ, ಅದಕ್ಕೆ ಹೊಳಪು, ಅದೇ ಯಂತ್ರಗಳು. ಗುಂಡಿ ಮಾಡುವವನಿಗೆ ಫೋಟೋ ತಗಡು ಮಾಡುವುದು ಪಕ್ಕದ ಮನೆಗೆ ಹೋದಷ್ಟೇ ಹತ್ತಿರದ ಕೆಲಸ. ಯುರೋಪಿನಿಂದ ತರಿಸಿದ ತಗಡಿಗೂ ಕರೆಂಟು ಹಾಯಿಸಿ ಇನ್ನೊಂದು ಪದರ ಬೆಳ್ಳಿ ಏರಿಸುವ ಅಭ್ಯಾಸವನ್ನು ಅಮೆರಿಕದವರು ಬೇಗ ಹಿಡಿದುಕೊಂಡರು. ಬಾಸ್ಟನ್ನಿನ ಜಾನ್ ಆಡಮ್ಸ್ ವಿಪ್ಪಲ್ ತಗಡು ತಿಕ್ಕುವ ಚಕ್ರಗಳನ್ನು ಉಗಿ ಯಂತ್ರದಿಂದ ತಿರುಗಿಸಿದ. 1851ರ ಲಂಡನ್ನಿನ ಮಹಾ ಪ್ರದರ್ಶನದಲ್ಲಿ ಡಾಗೆರೋಟೈಪ್‌ಗೆ ಕೊಟ್ಟ ಐದು ಪದಕಗಳಲ್ಲಿ ಮೂರು ಅಮೆರಿಕದವರ ಪಾಲಾದವು: ಬ್ರೇಡಿ, ಮಾರ್ಟಿನ್ ಲಾರೆನ್ಸ್ ಮತ್ತು ಇದೇ ವಿಪ್ಪಲ್. ಇದು ಕಲೆಯ ಗೆಲುವು ಅನ್ನುವವರು ಅನ್ನಲಿ, ನಾನಂತೂ ಪಾಲಿಶ್‌ನ ಗೆಲುವು ಅನ್ನುತ್ತೇನೆ.

ವಿಪ್ಪಲ್ ಬಗ್ಗೆ ಇನ್ನೊಂದು ಮಾತು. 1850ರ ಜುಲೈನಲ್ಲಿ ಹಾರ್ವರ್ಡ್ ವೀಕ್ಷಣಾಲಯದ 15 ಇಂಚಿನ ದೂರದರ್ಶಕಕ್ಕೆ ತಗಡು ಸಿಕ್ಕಿಸಿ ಅವನು, ಅಲ್ಲಿನ ನಿರ್ದೇಶಕ ವಿಲಿಯಂ ಕ್ರಾಂಚ್ ಬಾಂಡ್ ಜೊತೆ ಸೇರಿ, ಅಭಿಜಿತ್ ನಕ್ಷತ್ರದ ಚಿತ್ರ ತೆಗೆದ. 100 ಸೆಕೆಂಡು ಬೆಳಕು ತೋರಿಸಿದ್ದರು. ಸೂರ್ಯನನ್ನು ಬಿಟ್ಟರೆ ಮನುಷ್ಯ ಫೋಟೋ ತೆಗೆದ ಮೊದಲ ನಕ್ಷತ್ರ ಅದು.

ಹಾಗೆಯೇ ಆ ಕಾಲದ ಮುಖಗಳಲ್ಲಿ ನಗು ಏಕೆ ಇಲ್ಲ ಅಂತ ಎಲ್ಲರೂ ಕೇಳುತ್ತಾರೆ. ಅಲುಗಾಡದೆ ಕೂರಬೇಕಿತ್ತು ಅನ್ನುವುದು ಅರ್ಧ ಉತ್ತರ. ಬ್ರೋಮಿನ್ ಬಂದು, 1840ರಲ್ಲಿ ವಿಯೆನ್ನಾದ ಜೋಸೆಫ್ ಪೆಟ್ಸ್‌ವಾಲ್ ಲೆಕ್ಕ ಹಾಕಿ ಮಾಡಿದ ದೊಡ್ಡ ಬಾಯಿಯ ಲೆನ್ಸೂ ಕೈಗೆ ಬಂದ ಮೇಲೆ, ಒಳ್ಳೆಯ ಬೆಳಕಿದ್ದರೆ ಕೆಲವೇ ಸೆಕೆಂಡು ಸಾಕಾಗುತ್ತಿತ್ತು. ಆಮೇಲೂ ಜನ ನಗಲಿಲ್ಲ. ಚಿತ್ರಕಾರನ ಮುಂದೆ ಕೂತಾಗ ಹೇಗೆ ಗಂಭೀರವಾಗಿ ಕೂರುತ್ತಿದ್ದರೋ ಇಲ್ಲೂ ಹಾಗೆಯೇ ಕೂತರು. ಜೀವನದಲ್ಲಿ ಒಂದೇ ಸಲ ತೆಗೆಸುವ ಚಿತ್ರಕ್ಕೆ ಹಲ್ಲು ಕಿರಿಯುವುದು ಅವರಿಗೆ ಸರಿ ಕಂಡಿರಲಿಕ್ಕಿಲ್ಲ. ತಲೆ ಅಲುಗದಿರಲಿ ಅಂತ ಹಿಂದಿನಿಂದ ಕಬ್ಬಿಣದ ಸ್ಟ್ಯಾಂಡೊಂದು ಇರುತ್ತಿತ್ತು. ಇದನ್ನು ನೋಡಿ 'ಸತ್ತವರನ್ನು ನಿಲ್ಲಿಸಿ ಫೋಟೋ ತೆಗೆಯುತ್ತಿದ್ದರು' ಅಂತ ಹಬ್ಬಿಸುವ ಪೋಸ್ಟುಗಳನ್ನು ದಯವಿಟ್ಟು ನಂಬಬೇಡಿ. ಆ ಸ್ಟ್ಯಾಂಡಿಗೆ ಹೆಣದ ಭಾರ ಹೊರುವ ತಾಕತ್ತೇ ಇಲ್ಲ. ಸತ್ತವರ ಚಿತ್ರ ತೆಗೆಸುತ್ತಿದ್ದದ್ದು ನಿಜ, ಅದರಲ್ಲೂ ಮಕ್ಕಳದು. ಆದರೆ ಅವರನ್ನು ಮಲಗಿಸಿ, ಅಥವಾ ತಾಯಿಯ ತೊಡೆಯ ಮೇಲೆ ಇಟ್ಟು, ನಿದ್ದೆ ಮಾಡಿದ ಹಾಗೆ ತೆಗೆಯುತ್ತಿದ್ದರು. ಎಷ್ಟೋ ಮನೆಗಳಿಗೆ ಆ ಮಗುವಿನ ಗುರುತಾಗಿ ಇದ್ದದ್ದು ಅದೊಂದೇ ಚಿತ್ರ.

ಬಂದ ಚಿತ್ರ ಎಲ್ಲರಿಗೂ ಹಿಡಿಸುತ್ತಿತ್ತು ಅಂತಲ್ಲ. ಮಾಜಿ ಅಧ್ಯಕ್ಷ ಜಾನ್ ಕ್ವಿನ್ಸಿ ಆಡಮ್ಸ್ 1843ರಲ್ಲಿ ಯುಟಿಕಾ ಊರಲ್ಲಿ ತೆಗೆಸಿದ ಚಿತ್ರಗಳನ್ನು ನೋಡಿ ಎಲ್ಲವೂ ವಿಕಾರ ಅಂತ ದಿನಚರಿಯಲ್ಲಿ ಬರೆದುಕೊಂಡ. ಅದೇ ವರ್ಷದ ಮಾರ್ಚ್‌ನಲ್ಲಿ ವಾಷಿಂಗ್ಟನ್ನಿನಲ್ಲಿ ಫಿಲಿಪ್ ಹಾಸ್ ತೆಗೆದ ಅವನ ಇನ್ನೊಂದು ಚಿತ್ರ 2017ರಲ್ಲಿ ಹರಾಜಿಗೆ ಬಂತು, ಅಲ್ಲಿನ ರಾಷ್ಟ್ರೀಯ ಭಾವಚಿತ್ರ ಗ್ಯಾಲರಿ ಅದನ್ನು 3,60,500 ಡಾಲರಿಗೆ ಕೊಂಡುಕೊಂಡಿತು. ಅಮೆರಿಕದ ಅಧ್ಯಕ್ಷರೊಬ್ಬರ, ಈಗ ಉಳಿದಿರುವ ಮೂಲ ಫೋಟೋಗಳಲ್ಲಿ ಅದೇ ಹಳೆಯದು. ವಿಲಿಯಂ ಹೆನ್ರಿ ಹ್ಯಾರಿಸನ್‌ದು 1841ರಲ್ಲೇ ತೆಗೆದಿದ್ದರು, ಆದರೆ ಆ ತಗಡು ಕಳೆದುಹೋಗಿದೆ. ನೆಗೆಟಿವ್ ಇಲ್ಲದ ಫೋಟೋ ಅಂದರೆ ಇದೇ ಪಾಡು. ಒಂದು ಹೋದರೆ ಹೋಯಿತು.

ನನಗೆ ಎಲ್ಲಕ್ಕಿಂತ ಇಷ್ಟವಾದ ಡಾಗೆರೋಟೈಪ್ ಯಾರದೋ ಮುಖ ಅಲ್ಲ, ಒಂದು ಊರು. 1848ರ ಸೆಪ್ಟೆಂಬರ್‌ನಲ್ಲಿ ಚಾರ್ಲ್ಸ್ ಫಾಂಟೇನ್ ಮತ್ತು ವಿಲಿಯಂ ಪೋರ್ಟರ್ ಓಹಿಯೋ ನದಿಯ ಈಚೆ ದಡದ ನ್ಯೂಪೋರ್ಟಿನಲ್ಲಿ ಮಾಳಿಗೆ ಹತ್ತಿ, ಆಚೆ ದಡದ ಸಿನ್ಸಿನಾಟಿಯನ್ನು ಸಾಲಾಗಿ ಎಂಟು ತಗಡುಗಳ ಮೇಲೆ ತೆಗೆದರು. ಒಂದೊಂದು ತಗಡು ಆರೂವರೆ ಇಂಚು ಎತ್ತರ, ಎಂಟೂವರೆ ಇಂಚು ಅಗಲ. ನದಿಯ ದಡದ ಉದ್ದಕ್ಕೂ ಉಗಿ ದೋಣಿಗಳು, ಗೋದಾಮುಗಳು, ಮನೆಗಳು. ಈಚೆಗೆ ಇದನ್ನು ಸಂರಕ್ಷಣೆಗೆ ಅಂತ ಒಯ್ದಾಗ ಮೈಕ್ರೋಸ್ಕೋಪ್ ಕೆಳಗೆ ಇಟ್ಟು ನೋಡಿದರು. ಹಿಗ್ಗಿಸಿದಷ್ಟೂ ವಿವರ ಬರುತ್ತಲೇ ಹೋಯಿತು. ಅಂಗಡಿಗಳ ಬೋರ್ಡು ಓದಬಹುದು, ಕಿಟಕಿಯ ಪರದೆ ಕಾಣುತ್ತದೆ, ನೀರಿನ ಹತ್ತಿರ ನಿಂತವರು ಕಾಣುತ್ತಾರೆ. ದೂರದ ಒಂದು ಗೋಪುರದ ಗಡಿಯಾರದ ಮುಖ, ಬರಿಗಣ್ಣಿಗೆ ಚುಕ್ಕೆಯಷ್ಟು, ಅದರಲ್ಲಿ ಮುಳ್ಳುಗಳನ್ನು ನೋಡಿ ಗಂಟೆ ಹೇಳಬಹುದು: 1.55. ದಡದಲ್ಲಿ ನಿಂತ ದೋಣಿಗಳ ಹೆಸರು ಹಿಡಿದು, ಅವು ಯಾವಾಗ ಬಂದವು ಯಾವಾಗ ಹೋದವು ಅನ್ನುವ ದಾಖಲೆ ಹುಡುಕಿ ದಿನವನ್ನೂ ಗುರುತಿಸಿದ್ದಾರೆ, ಸೆಪ್ಟೆಂಬರ್ 24, ಭಾನುವಾರ. ಕಾಗದದ ಎಳೆ ಇಲ್ಲ, ಫಿಲ್ಮಿನ ದಪ್ಪ ಕಣಗಳಿಲ್ಲ, ನುಣ್ಣನೆ ಬೆಳ್ಳಿಯ ಮೇಲೆ ಕಣ್ಣಿಗೆ ಕಾಣದಷ್ಟು ಸಣ್ಣ ಪಾದರಸ-ಬೆಳ್ಳಿ ಕಣಗಳು ಮಾತ್ರ ಇರುವುದರಿಂದ ಇದು ಸಾಧ್ಯವಾಯಿತು. ಈಗ ಅದು ಸಿನ್ಸಿನಾಟಿಯ ಸಾರ್ವಜನಿಕ ಗ್ರಂಥಾಲಯದಲ್ಲಿದೆ. ಅವರ ವೆಬ್‌ಸೈಟಿನಲ್ಲಿ ಹಿಗ್ಗಿಸಿ ನೋಡಬಹುದು. ನೋಡಲು ಕೂತರೆ ಹೊತ್ತು ಹೋದದ್ದೇ ತಿಳಿಯುವುದಿಲ್ಲ, ಮೊದಲೇ ಹೇಳಿಬಿಡುತ್ತೇನೆ.

ಇಷ್ಟು ಚಂದದ ವಿಷಯದ ಒಳಗೇ ಹೊಲಸೂ ಇದೆ. 1850ರಲ್ಲಿ ಹಾರ್ವರ್ಡಿನ ಪ್ರಾಣಿಶಾಸ್ತ್ರಜ್ಞ ಲೂಯಿ ಅಗಾಸಿ, ಕರಿಯರು ಬೇರೆಯದೇ ಮೂಲದವರು ಅನ್ನುವ ತನ್ನ ವಾದಕ್ಕೆ ಪುರಾವೆ ಬೇಕು ಅಂತ, ದಕ್ಷಿಣ ಕೆರೊಲಿನಾದ ಕೊಲಂಬಿಯಾದಲ್ಲಿ ಗುಲಾಮರ ಚಿತ್ರ ತೆಗೆಸಿದ. ತೆಗೆದವನು ಜೋಸೆಫ್ ಝೀಲಿ. ಏಳು ಜನ, 15 ತಗಡು. ಅವರ ಬಟ್ಟೆ ಬಿಚ್ಚಿಸಿ, ಎದುರಿನಿಂದ, ಪಕ್ಕದಿಂದ ತೆಗೆದರು. ರೆಂಟಿ, ಅವನ ಮಗಳು ಡೇಲಿಯಾ, ಜ್ಯಾಕ್, ಡ್ರಾನಾ, ಆಲ್ಫ್ರೆಡ್, ಫಸ್ಸೇನಾ, ಜೆಮ್. ಬೇಡ ಅನ್ನುವ ಹಕ್ಕು ಅವರಲ್ಲಿ ಯಾರಿಗೂ ಇರಲಿಲ್ಲ. ಆ ತಗಡುಗಳು ಹಾರ್ವರ್ಡಿನ ಪೀಬಡಿ ಮ್ಯೂಸಿಯಮ್ಮಿನ ಅಟ್ಟದಲ್ಲಿ ಬಿದ್ದಿದ್ದವು, 1976ರಲ್ಲಿ ಸಿಕ್ಕವು. ರೆಂಟಿಯ ವಂಶದವರು ತಾವು ಅಂತ ಮಹಿಳೆಯೊಬ್ಬರು 2019ರಲ್ಲಿ ಕೋರ್ಟಿಗೆ ಹೋದರು. 2025ರಲ್ಲಿ ರಾಜಿಯಾಗಿ, ಹಾರ್ವರ್ಡ್ ತಗಡುಗಳನ್ನು ಬಿಟ್ಟುಕೊಡಲು ಒಪ್ಪಿತು. ಚಾರ್ಲ್ಸ್ಟನ್ನಿನ ಅಂತರರಾಷ್ಟ್ರೀಯ ಆಫ್ರಿಕನ್ ಅಮೆರಿಕನ್ ಮ್ಯೂಸಿಯಮ್ಮಿಗೆ ಅವು ಹೋಗಲಿ ಅನ್ನುವುದು ಆ ಮಹಿಳೆಯ ಕಡೆಯವರ ಆಸೆಯಾಗಿತ್ತು. ಫೋಟೋ ತೆಗೆದವನ ಸೊತ್ತೋ, ತೆಗೆಸಿದವನದೋ, ಅದರಲ್ಲಿರುವವರದೋ ಅನ್ನುವ ಜಗಳಕ್ಕೆ ಇದಕ್ಕಿಂತ ಕಟುವಾದ ಉದಾಹರಣೆ ನನಗೆ ಗೊತ್ತಿಲ್ಲ.

ಅದೇ ವರ್ಷಗಳಲ್ಲಿ ಅದೇ ತಗಡನ್ನು ಕರಿಯರು ತಮ್ಮ ಕೈಗೂ ತೆಗೆದುಕೊಂಡಿದ್ದರು. ಆಗಸ್ಟಸ್ ವಾಷಿಂಗ್ಟನ್ ಡಾರ್ಟ್‌ಮತ್ ಕಾಲೇಜಿನ ಖರ್ಚಿಗೆ ಅಂತ ಡಾಗೆರೋಟೈಪ್ ಕಲಿತ. ಕಾಲೇಜು ಮುಗಿಸಲಾಗಲಿಲ್ಲ, ಹಾರ್ಟ್‌ಫರ್ಡ್‌ನಲ್ಲಿ ಸ್ಟುಡಿಯೋ ಇಟ್ಟ. ಗುಲಾಮಗಿರಿಯ ವಿರುದ್ಧ ಮುಂದೆ ಬಂದೂಕು ಎತ್ತಿದ ಜಾನ್ ಬ್ರೌನ್ ಪ್ರಮಾಣ ಮಾಡುವವನ ಹಾಗೆ ಕೈ ಎತ್ತಿ ನಿಂತ ಚಿತ್ರ ಅವನು ತೆಗೆದದ್ದು, 1846–47ರ ಸುಮಾರಿಗೆ. 1853ರಲ್ಲಿ ಅಮೆರಿಕ ಬಿಟ್ಟು ಲೈಬೀರಿಯಾಕ್ಕೆ ಹೋಗಿ ಅಲ್ಲೂ ಸ್ಟುಡಿಯೋ ನಡೆಸಿದ. ಸಿನ್ಸಿನಾಟಿಯಲ್ಲಿ ಜೆ. ಪಿ. ಬಾಲ್ ಹೆಸರಾಂತ ದೊಡ್ಡ ಗ್ಯಾಲರಿಯನ್ನೇ ಕಟ್ಟಿದ. ಇನ್ನು ಫ್ರೆಡರಿಕ್ ಡಗ್ಲಾಸ್. ಗುಲಾಮಗಿರಿಯಿಂದ ತಪ್ಪಿಸಿಕೊಂಡು ಬಂದು ದೇಶದ ದೊಡ್ಡ ಭಾಷಣಕಾರನಾದ ಈತ, 19ನೇ ಶತಮಾನದಲ್ಲಿ ಅತಿ ಹೆಚ್ಚು ಫೋಟೋ ತೆಗೆಸಿಕೊಂಡ ಅಮೆರಿಕನ್ ಅನ್ನುತ್ತಾರೆ. ಸುಮಾರು 160 ಬೇರೆ ಬೇರೆ ಚಿತ್ರಗಳು ಸಿಕ್ಕಿವೆ. ಒಂದರಲ್ಲೂ ಹಲ್ಲು ಬಿಟ್ಟು ನಕ್ಕಿಲ್ಲ. ಕರಿಯರನ್ನು ವ್ಯಂಗ್ಯಚಿತ್ರಗಳಲ್ಲಿ ಹಲ್ಲು ಕಿರಿಯುವ ಪೆದ್ದರನ್ನಾಗಿ ಬರೆಯುತ್ತಿದ್ದ ಕಾಲ ಅದು. ಆತ ಕ್ಯಾಮೆರಾವನ್ನು ನೇರವಾಗಿ ದುರುಗುಟ್ಟಿ ನೋಡಿದ.

ಬೆಲೆ ವಿಷಯ. 1840ರ ಆರಂಭದಲ್ಲಿ ಸಣ್ಣ ಚಿತ್ರಕ್ಕೂ ಐದು ಡಾಲರ್ ತನಕ ಕೊಡಬೇಕಿತ್ತು, ಕೂಲಿಯವನಿಗೆ ಅದು ಹಲವು ದಿನದ ಸಂಪಾದನೆ. ಹತ್ತು-ಹನ್ನೆರಡು ವರ್ಷದಲ್ಲಿ ದೊಡ್ಡ ಊರುಗಳ ಅಗ್ಗದ ಅಂಗಡಿಗಳಲ್ಲಿ 25 ಸೆಂಟಿಗೆ ಬಂತು. ಅಲ್ಲಿ ಒಬ್ಬ ತಿಕ್ಕುತ್ತಾನೆ, ಒಬ್ಬ ಆವಿ ತೋರಿಸುತ್ತಾನೆ, ಒಬ್ಬ ಕ್ಯಾಮೆರಾ ಹಿಡಿಯುತ್ತಾನೆ, ಒಬ್ಬ ಪಾದರಸದ ಪೆಟ್ಟಿಗೆ ನೋಡಿಕೊಳ್ಳುತ್ತಾನೆ. ಗ್ರಾಹಕ ಮೊದಲೇ ದುಡ್ಡು ಕೊಟ್ಟು ಚೀಟಿ ಹಿಡಿದು ಸಾಲಿನಲ್ಲಿ ಕೂರುವುದು. ಪಕ್ಕಾ ಕಾರ್ಖಾನೆ. ಹಳ್ಳಿಗಳಿಗೆ ಗಾಡಿ ಕಟ್ಟಿಕೊಂಡು ಹೋಗುವ ಅಲೆಮಾರಿ ಫೋಟೋದವರೂ ಬೇಕಾದಷ್ಟಿದ್ದರು. 1855ರ ಜೂನ್‌ಗೆ ಮುಗಿದ ಒಂದು ವರ್ಷದಲ್ಲಿ ಮಸಾಚುಸೆಟ್ಸ್ ರಾಜ್ಯ ಒಂದರಲ್ಲೇ 4,03,626 ಡಾಗೆರೋಟೈಪ್ ತೆಗೆದರು ಅಂತ ಸರ್ಕಾರಿ ಲೆಕ್ಕ. ಆಗ ಅಲ್ಲಿದ್ದ ಜನ ಸುಮಾರು 11 ಲಕ್ಷ.

ಬಣ್ಣದ ಹುಚ್ಚೂ ಇತ್ತು. ಸಾಮಾನ್ಯವಾಗಿ ಕೆನ್ನೆಗೆ ಕೆಂಪು ಪುಡಿ, ಉಂಗುರಕ್ಕೆ ಚಿನ್ನದ ಚುಕ್ಕೆ ಹಚ್ಚಿ ಕೊಡುತ್ತಿದ್ದರು. 1851ರಲ್ಲಿ ನ್ಯೂಯಾರ್ಕ್ ರಾಜ್ಯದ ಬೆಟ್ಟದ ಕಡೆಯ ಒಬ್ಬ ಪಾದ್ರಿ, ಲೆವಿ ಹಿಲ್, ನಿಜವಾದ ಬಣ್ಣದಲ್ಲೇ ಫೋಟೋ ತೆಗೆದಿದ್ದೇನೆ ಅಂದ. ಗುಟ್ಟು ಬಿಡಲಿಲ್ಲ. ಬಣ್ಣದ್ದು ಬರುವ ತನಕ ಕಾಯೋಣ ಅಂತ ಜನ ಸ್ಟುಡಿಯೋಗೆ ಬರುವುದನ್ನೇ ನಿಲ್ಲಿಸಿದರು, ಫೋಟೋದವರು ಸಿಟ್ಟಿಗೆದ್ದು ಅವನನ್ನು ಮೋಸಗಾರ ಅಂದರು. ಒಂದೂವರೆ ಶತಮಾನ ಆ ಹೆಸರೇ ಉಳಿಯಿತು. 2007ರಲ್ಲಿ ಗೆಟ್ಟಿ ಮತ್ತು ಸ್ಮಿತ್‌ಸೋನಿಯನ್ ಸಂಸ್ಥೆಗಳ ತಜ್ಞರು ಅವನ ತಗಡುಗಳನ್ನು ಪರೀಕ್ಷೆ ಮಾಡಿದರೆ, ಕೆಲವು ಬಣ್ಣ ನಿಜವಾಗಿಯೂ ತಾನಾಗಿ ಮೂಡಿತ್ತು, ಉಳಿದದ್ದನ್ನು ಅವನು ಪುಡಿ ಹಚ್ಚಿ ತುಂಬಿಸಿದ್ದ! ಸುಳ್ಳನೂ ಹೌದು, ಅಲ್ಲವೂ ಹೌದು.

ಕೊನೆ ಬೇಗ ಬಂತು. ಗಾಜಿನ ಮೇಲಿನ ಆಂಬ್ರೋಟೈಪ್ 1854ರಲ್ಲಿ, ಕಬ್ಬಿಣದ ತಗಡಿನ ಟಿನ್‌ಟೈಪ್ 1856ರಲ್ಲಿ. ಎರಡೂ ಅಗ್ಗ, ಗಂಟೆಗಟ್ಟಲೆ ತಿಕ್ಕುವ ಕೆಲಸ ಇಲ್ಲ. ಆಮೇಲೆ ನೆಗೆಟಿವ್‌ನಿಂದ ಎಷ್ಟು ಬೇಕೋ ಅಷ್ಟು ಕಾಗದದ ಪ್ರಿಂಟು. 1860ರ ಹೊತ್ತಿಗೆ ಡಾಗೆರೋಟೈಪ್ ಅಂಗಡಿಗಳು ಹೆಚ್ಚುಕಮ್ಮಿ ಮುಚ್ಚಿದ್ದವು.

ತಗಡುಗಳಿಗೆ ಆಮೇಲೆ ಬಂದ ದೊಡ್ಡ ಶತ್ರು ಗಾಳಿಯಲ್ಲ, ಸ್ವಚ್ಛ ಮಾಡುವವರು. ಬೆಳ್ಳಿ ಕಪ್ಪಾಗುವುದು ಸಹಜ. 1950ರ ನಂತರ ಥಯೋಯೂರಿಯಾ ದ್ರಾವಣದಲ್ಲಿ ಅದ್ದಿ ತೆಗೆಯುವ ಪದ್ಧತಿ ಬಂತು, ಕ್ಷಣದಲ್ಲಿ ಫಳಫಳ. ಕೆಲವು ವರ್ಷ ಕಳೆದ ಮೇಲೆ ಆ ತಗಡುಗಳ ಮೇಲೆ ಹೊಸ ಹೊಸ ಕಲೆ ಎದ್ದವು, ಈಗ ಸಂರಕ್ಷಣೆ ಮಾಡುವವರು ಅದರ ಹೆಸರೆತ್ತಿದರೆ ಸಿಡುಕುತ್ತಾರೆ. ಗಾಜು ತೆಗೆದು ಹತ್ತಿಯಿಂದ ಒರೆಸಿದರಂತೂ ಮುಗಿಯಿತು, ಚಿತ್ರ ಹತ್ತಿಗೆ ಬಂದುಬಿಡುತ್ತದೆ.

ಆನ್‌ಲೈನಿನಲ್ಲಿ ಹಳೆಯ ಫೋಟೋ ಮಾರುವವರು ಪೆಟ್ಟಿಗೆಯಲ್ಲಿರುವ ಎಲ್ಲವನ್ನೂ ಡಾಗೆರೋಟೈಪ್ ಅಂತಲೇ ಮಾರುತ್ತಾರೆ, ಅದಕ್ಕೆ ಒಂದು ಸುಲಭದ ಪರೀಕ್ಷೆ ಹೇಳಿ ಮುಗಿಸುತ್ತೇನೆ. ಕೈಯಲ್ಲಿ ಹಿಡಿದು ಸ್ವಲ್ಪ ವಾಲಿಸಿ. ಮುಖ ಮಾಯವಾಗಿ ಕನ್ನಡಿಯಲ್ಲಿ ನೀವೇ ಕಂಡರೆ, ಇನ್ನೊಂಚೂರು ವಾಲಿಸಿದಾಗ ಬೆಳಕು-ಕಪ್ಪು ಅದಲುಬದಲಾಗಿ ಕಂಡರೆ ಅದು ಡಾಗೆರೋಟೈಪ್. ಹೇಗೆ ತಿರುಗಿಸಿದರೂ ಒಂದೇ ಥರ ಕಂಡರೆ ಅಲ್ಲ. ಇನ್ನೂ ಅನುಮಾನ ಇದ್ದರೆ ಸಣ್ಣ ಆಯಸ್ಕಾಂತ ಹತ್ತಿರ ಹಿಡಿಯಿರಿ, ಮುಟ್ಟಿಸಬೇಡಿ. ಎಳೆದುಕೊಂಡರೆ ಅದು ಕಬ್ಬಿಣ, ಟಿನ್‌ಟೈಪ್ ಇರಬೇಕು. ತಾಮ್ರ ಮತ್ತು ಬೆಳ್ಳಿಗೆ ಆಯಸ್ಕಾಂತ ಹತ್ತುವುದಿಲ್ಲ.